ಬಳ್ಳಾರಿಯಲ್ಲಿ ‘ಮಾಮ’ ಅಂದರೆ ಬೈಗುಳ ಅಲ್ಲ

ಪಾನ್ ಅಂಗಡಿಯ ಹುಡುಗ ‘ಮಾಮ’ ಅಂದ, ಅದು ಬೈಗುಳವಾ, ಬಳ್ಳಾರಿಯಲ್ಲಿ ಈ ಪದ ಇಷ್ಟು ಜಾಸ್ತಿ ಯಾಕೆ, ನಿಮ್ಮ ಮನೆಯವರು ಪಕ್ಕದ ಮನೆಯವರನ್ನು ಏನಂತ ಕರೆಯಬೇಕು ಅಂತ ಕೇಳಿದ್ದೀರಿ. ಇಲ್ಲ, ಆ ಹುಡುಗ ನಿಮ್ಮನ್ನು ಬೈದಿಲ್ಲ. ಮೈಸೂರು ಕಡೆಯಿಂದ ವರ್ಗವಾಗಿ ಬಂದವರಿಗೆ ಈ ಅನುಮಾನ ಬರೋದು ಸಹಜ. ಪಾನ್ ಅಂಗಡಿಯಲ್ಲಿ ಚಿಲ್ಲರೆ ಕೈಗಿಡುತ್ತಾ ‘ತಗೋ ಮಾಮ’ ಅಂದರೆ ನಿಮ್ಮ ಕಡೆಯವರಿಗೆ ಎರಡೇ ಅರ್ಥ ಹೊಳೆಯುತ್ತವೆ. ಒಂದು ಟ್ರಾಫಿಕ್ ಪೊಲೀಸ್. ಇನ್ನೊಂದು ಬಾಯಿಬಿಟ್ಟು ಹೇಳೋಕೆ ಮುಜುಗರ, ತಲೆಹಿಡುಕ ಅಂತ. ಬೆಂಗಳೂರಿನ ಆಡುಮಾತಿನಲ್ಲಿ ಎರಡೂ ಇವೆ, ತಮಿಳಿನಲ್ಲೂ ಇವೆ. ಹಾಗಂತ ಬಳ್ಳಾರಿಯವರಿಗೆ ಅವು ಗೊತ್ತೇ ಇಲ್ಲ ಅಂತಲ್ಲ. ಬೆಂಗಳೂರಿನಲ್ಲಿ ಓದಿ ಬಂದ ಹುಡುಗರು ಹೆಲ್ಮೆಟ್ ಇಲ್ಲದೆ ಹೊರಟಾಗ ‘ಸರ್ಕಲ್‌ನಾಗ ಮಾಮ ನಿಂತಾನ ನೋಡು’ ಅಂತ ಒಬ್ಬರಿಗೊಬ್ಬರು ಹೇಳಿಕೊಳ್ಳುತ್ತಾರೆ. ಆದರೆ ಮುಖ ನೋಡಿ, ನಕ್ಕು, ಚಿಲ್ಲರೆ ಕೊಟ್ಟು ‘ಮಾಮ’ ಅಂದರೆ ಅದು ಬೇರೆಯೇ. ಅವನು ನಿಮ್ಮನ್ನು ನೆಂಟರ ಲೆಕ್ಕಕ್ಕೆ ಸೇರಿಸಿಕೊಂಡ ಅಂತ ಅರ್ಥ.

ನೆಂಟ ಅಂದರೆ ಎಂಥ ನೆಂಟ, ಅದೇ ಇಲ್ಲಿ ಮುಖ್ಯ. ಅಣ್ಣ, ತಮ್ಮ, ಕಾಕಾ, ದೊಡ್ಡಪ್ಪ ಇವರೆಲ್ಲ ಒಂದು ಕಡೆ. ಮಾಮ ಇನ್ನೊಂದು ಕಡೆ. ಮಾಮ ಅಂದರೆ ಅವ್ವನ ಅಣ್ಣ ಅಥವಾ ತಮ್ಮ, ಪುಸ್ತಕದ ಮಾತಿನಲ್ಲಿ ಸೋದರಮಾವ. ನಮ್ಮ ಕಡೆ ಇವನಿಗೆ ಇರುವ ಹಕ್ಕು ಅಪ್ಪನಿಗೂ ಇರಲ್ಲ ಅನ್ನಬೇಕು. ಮಗುವಿನ ಜವಳ ತೆಗೆಸುವಾಗ ಮಾಮನ ತೊಡೆ ಬೇಕು. ಕಿವಿ ಚುಚ್ಚಿಸುವಾಗಲೂ ಅದೇ ತೊಡೆ. ಮದುವೆಯಲ್ಲಿ ಹುಡುಗಿಯನ್ನು ಮಂಟಪಕ್ಕೆ ಕರೆದುಕೊಂಡು ಬರೋನು ಅವನೇ, ಆಗ ಅವನು ಬಂದಿಲ್ಲ ಅಂದರೆ ಮುಹೂರ್ತ ಮೀರಿದರೂ ಪರವಾಗಿಲ್ಲ ಅಂತ ಕಾಯುವ ಮನೆಗಳಿವೆ. ಸೀರೆ, ಉಂಗುರ, ತೊಟ್ಟಿಲು, ಹೀಗೆ ಕೊಡೋ ಲೆಕ್ಕ ಬಂದಾಗ ಎಲ್ಲರೂ ತಿರುಗಿ ನೋಡೋದು ಮಾಮನ ಕಡೆಗೇ. ಕೊಡಲಿಲ್ಲ ಅಂದರೆ ಮುಂದಿನ ಹತ್ತು ವರ್ಷ ಅದೇ ಮಾತು.

ಇದರ ಜೊತೆಗೆ ಇನ್ನೊಂದಿದೆ. ಅಕ್ಕನ ಮಗಳನ್ನು ಮದುವೆಯಾಗುವ ಪದ್ಧತಿ. ಮೈಸೂರು ಕಡೆಯೂ ಇತ್ತು, ಈಗಲೂ ಅಲ್ಲಲ್ಲಿ ಇದೆ, ನಿಮಗೆ ಹೊಸದೇನಲ್ಲ. 1955ರ ಹಿಂದೂ ವಿವಾಹ ಕಾಯ್ದೆಯಲ್ಲಿ ಇಂಥ ಹತ್ತಿರದ ಸಂಬಂಧದ ಮದುವೆಗೆ ತಡೆ ಇದೆ, ಆದರೆ ಎರಡೂ ಕಡೆಯವರ ಪದ್ಧತಿಯಲ್ಲಿ ನಡೆದು ಬಂದಿದ್ದರೆ ಆ ತಡೆ ಇಲ್ಲ. ಹಾಗಾಗಿ ಕಾನೂನೂ ಮಾಮನ ತಂಟೆಗೆ ಹೋಗಿಲ್ಲ. ಚಿಕ್ಕಂದಿನಲ್ಲಿ ‘ಮಾಮ, ಜಾತ್ರೀಗೆ ಕರ್ಕೊಂಡು ಹೋಗು’ ಅಂತ ಹಠ ಮಾಡಿದ ಹುಡುಗಿ ಅವನನ್ನೇ ಮದುವೆಯಾಗಿ, ಮೊಮ್ಮಕ್ಕಳನ್ನು ಕಂಡ ಮೇಲೂ ಮಾಮ ಅಂತಲೇ ಕರೆಯುವ ಮನೆಗಳು ನಮ್ಮ ಬೀದಿಯಲ್ಲೇ ಇವೆ. ಈಗ ಡಾಕ್ಟರು ಬೇಡ ಅಂತಾರೆ, ಓದಿದ ಹುಡುಗಿಯರೂ ಒಲ್ಲೆ ಅಂತಾರೆ, ಕಡಿಮೆಯಾಗಿದೆ. ಒಳ್ಳೆಯದೇ ಆಯಿತು. ಆದರೆ ಮದುವೆ ಕಡಿಮೆಯಾದರೂ ಆ ಪದಕ್ಕೆ ಅಂಟಿದ ತಮಾಷೆ ಹೋಗಿಲ್ಲ.

ಅಣ್ಣ ಅಂದ ಕೂಡಲೇ ಒಂದು ಗೆರೆ ಬೀಳುತ್ತೆ. ಅಲ್ಲಿ ಚೇಷ್ಟೆಗೆ ಜಾಗ ಇಲ್ಲ. ಮಾಮ ಅಂದರೆ ಹೆಣ್ಣು ಕೊಡುವ, ತರುವ ಕಡೆಯವನು. ಅವನನ್ನು ಕೆಣಕಬಹುದು, ಅವನ ದುಡ್ಡಿನಲ್ಲಿ ಚಹಾ ಕುಡಿಯಬಹುದು, ಮೀಸೆಗೆ ಬಣ್ಣ ಹಚ್ಚಿದ್ದಕ್ಕೆ ಅವನ ಎದುರೇ ನಗಬಹುದು. ಅವನೂ ಸಿಟ್ಟಾಗಬಾರದು. ಗೌರವವೂ ಇರಬೇಕು, ಸಲಿಗೆಯೂ ಇರಬೇಕು, ಎರಡನ್ನೂ ಒಂದೇ ಪದದಲ್ಲಿ ಹೇಳಬೇಕು ಅಂದರೆ ನಮಗೆ ಸಿಗೋದು ಇದೊಂದೇ. ಓರಗೆಯ ಗೆಳೆಯರಲ್ಲಿ ಒಬ್ಬ ‘ಏನ್ ಮಾಮ’ ಅಂದರೆ ಇನ್ನೊಬ್ಬ ‘ಹೇಳೋ ಅಳಿಯ’ ಅಂತಾನೆ. ಒಬ್ಬನಿಗೂ ಮಗಳಿರಲ್ಲ, ಮದುವೆಯೇ ಆಗಿರಲ್ಲ, ಸುಮ್ನೆ ಮಾವ ಅಳಿಯ ಆಗಿಬಿಡುತ್ತಾರೆ.

ಇದಕ್ಕೇ ಇನ್ನೊಂದು ಮಗ್ಗುಲಿದೆ, ಹೊಸಬರು ಎಡವೋದು ಅಲ್ಲೇ. ಒಬ್ಬನನ್ನು ‘ಮಾಮ’ ಅಂದರೆ ನೀವು ಅವನಿಗಿಂತ ಒಂದು ಮೆಟ್ಟಿಲು ಕೆಳಗೆ ಕೂತಂಗೆ. ಅವನು ಕೊಡೋನು, ನೀವು ತಗೊಳ್ಳೋನು. ಅವನಿಗೆ ಖುಷಿಯೇ. ಅದೇ ಗುರುತಿಲ್ಲದವನನ್ನು ‘ಬಾಮೈದ’ ಅಂದು ನೋಡಿ. ಜಗಳ ಖಾತ್ರಿ. ಯಾಕಂದರೆ ಅವನ ಅಕ್ಕ ತಂಗಿಯನ್ನು ನೀವು ಎಳೆದು ತಂದಿರಿ. ಉರ್ದು, ಹಿಂದಿಯವರು ‘ಸಾಲೇ’ ಅಂತ ಬೈಯೋದೂ ಇದೇ ಲೆಕ್ಕದಲ್ಲಿ, ಸಾಲಾ ಅಂದರೆ ಹೆಂಡತಿಯ ಅಣ್ಣ ಅಥವಾ ತಮ್ಮ ತಾನೇ. ಒಂದೇ ಮದುವೆಯ ಸಂಬಂಧ, ಈ ಕಡೆಯಿಂದ ಕರೆದರೆ ಮಾಮ, ಪ್ರೀತಿ. ಆ ಕಡೆಯಿಂದ ಕರೆದರೆ ಬೈಗುಳ. ಇನ್ನು ಒಬ್ಬ ತನ್ನ ಮಗಳ ಜೊತೆ ರಸ್ತೆಯಲ್ಲಿ ಹೋಗುತ್ತಿರುವಾಗ ಅವನಿಗೆ ‘ಮಾಮಾ’ ಅಂತ ಎಳೆದು ಕೂಗಿದರೆ? ಅದು ಅವನಿಗೆ ಹೇಳಿದ್ದಲ್ಲ, ಪಕ್ಕದಲ್ಲಿರುವ ಹುಡುಗಿಗೆ ಹೇಳಿದ್ದು. ಅಲ್ಲಿ ಚಪ್ಪಲಿ ಕೈಗೆ ಬರುತ್ತೆ, ಬರಲೇಬೇಕು.

ಬಳ್ಳಾರಿಯಲ್ಲಿ ಇಷ್ಟು ಜಾಸ್ತಿ ಯಾಕೆ ಅಂತ ಕೇಳಿದಿರಿ. ತೆಲುಗು. 1800ರಲ್ಲಿ ಹೈದರಾಬಾದಿನ ನಿಜಾಮ ಈ ಸೀಮೆಯನ್ನು ಬ್ರಿಟಿಷರಿಗೆ ಬಿಟ್ಟುಕೊಟ್ಟ. ಅಲ್ಲಿಂದ ನಾವು ಮದ್ರಾಸಿನ ಆಡಳಿತದಲ್ಲಿ, ಅನಂತಪುರ, ಕಡಪ, ಕರ್ನೂಲಿನ ಜೊತೆಗೇ ಇದ್ದೆವು. 1953ರ ಅಕ್ಟೋಬರ್ 1ಕ್ಕೆ ಆಂಧ್ರ ಬೇರೆಯಾದಾಗ ಬಳ್ಳಾರಿ ಮೈಸೂರು ರಾಜ್ಯಕ್ಕೆ ಬಂತು, ಆದೋನಿ, ಆಲೂರು, ರಾಯದುರ್ಗ ಆ ಕಡೆ ಹೋದವು. ನಕ್ಷೆಯಲ್ಲಿ ಗೆರೆ ಎಳೆದರು ಅಂತ ಬೀಗತನ ನಿಲ್ಲುತ್ತಾ? ಇಲ್ಲಿನ ಎಷ್ಟೋ ಮನೆಗಳಿಗೆ ನಿಜವಾದ ಮಾಮ ಇರೋದು ಆದೋನಿಯಲ್ಲೋ ಗುಂತಕಲ್ಲಿನಲ್ಲೋ. ನಾವು ವಗ್ಗರಣಿ ಮಿರ್ಚಿ ಅನ್ನೋದನ್ನೇ ಅವರು ಉಗ್ಗಾನಿ ಬಜ್ಜಿ ಅಂತಾರೆ, ತಟ್ಟೆಯಲ್ಲಿರೋದು ಅದೇ ಮಂಡಕ್ಕಿ. ಆ ಕಡೆಯ ತೆಲುಗಿನಲ್ಲಿ ಗೆಳೆಯರನ್ನು ‘ಮಾಮ’, ‘ಬಾವ’, ‘ಅಲ್ಲುಡು’ (ಅಂದರೆ ಅಳಿಯ) ಅಂತ ಕರೆಯೋದು ದಿನದ ಮಾತು. ತೆಲುಗು ಸಿನಿಮಾಗಳು ಬಳ್ಳಾರಿಯ ಥಿಯೇಟರುಗಳಲ್ಲಿ ಮೊದಲ ದಿನವೇ ತುಂಬಿ ಓಡುತ್ತವೆ, ಹೀರೋ ಗೆಳೆಯನಿಗೆ ಮಾಮ ಅಂತಾನೆ, ಮರುದಿನ ಕಾಲೇಜಿನಲ್ಲಿ ಎಲ್ಲರೂ ಮಾಮ. ಜೀನ್ಸ್ ಹೊಲಿಯುವ ಹುಡುಗರಿಂದ ಹಿಡಿದು ರಿಯಲ್ ಎಸ್ಟೇಟ್ ಮಾಡುವವರ ತನಕ ಇದೇ. ವಾಕ್ಯದ ಶುರು ಕನ್ನಡದಲ್ಲಿ, ನಡುವೆ ತೆಲುಗು, ಕೊನೆಗೆ ಮಾಮ. ಇದನ್ನು ಕನ್ನಡ ಹಾಳಾಯಿತು ಅಂತ ಅಳುವವರೂ ಇದ್ದಾರೆ. ನನಗೆ ಹಾಗೆ ಅನಿಸಿಲ್ಲ. ಮಾಮ ತೆಲುಗಿನವರ ಸ್ವಂತ ಆಸ್ತಿಯೂ ಅಲ್ಲ. ಚಂದಪ್ಪನನ್ನು ಈ ಕಡೆ ಆ ಕಡೆ ಎರಡೂ ಕಡೆಯ ತಾಯಂದಿರು ಚಂದಮಾಮ ಅಂತಲೇ ತೋರಿಸಿ ಅನ್ನ ತಿನ್ನಿಸಿದ್ದಾರೆ, ಹಿಂದಿಯವರೂ ಅಷ್ಟೇ. ಚಂದಚಿಕ್ಕಪ್ಪ ಅಂದವರನ್ನು ನಾನು ಕಂಡಿಲ್ಲ.

ಕೊಪ್ಪಳದ ಕಡೆ ಹೋದರೆ ಇದೇ ಪದ ಬೇರೆ ಥರ. ಯಲಬುರ್ಗಾ, ಕುಷ್ಟಗಿ ಹಳ್ಳಿಗಳ ಮಾತು ಗದಗ, ಬಾಗಲಕೋಟೆ ಕಡೆಗೆ ವಾಲುತ್ತೆ. ಅಲ್ಲಿ ಮಾಮಾ ಅಂದರೆ ನಿಜವಾದ ಸಂಬಂಧಿಕ, ಇಲ್ಲವೇ ಅವ್ವನ ತವರೂರಿನವನು. ಅವ್ವನ ಊರಿಗೆ ಹೋದ ಹುಡುಗನಿಗೆ ಆ ಊರಿನ ಗಂಡಸರೆಲ್ಲ ಮಾಮಂದಿರೇ, ಜಾತಿ ಯಾವುದಾದರೂ ಆಗಲಿ. ಎತ್ತಿನ ಗಾಡಿ ಹೊಡೆಯೋನೂ ಮಾಮ, ಕಟ್ಟೆಯ ಮೇಲೆ ಕೂತ ಸಾಬರೂ ಮಾಮ. ವಯಸ್ಸಾದವರೆಲ್ಲ ಅಜ್ಜ. ಓರಗೆಯವರಿಗೆ ಅಲ್ಲಿ ‘ದೋಸ್ತ’, ‘ಲೇ’ ಸಾಕು, ತಮಾಷೆಗೆ ‘ಏನ್ರೀ ಬೀಗ್ರೇ’. ಈ ಬೀಗರೇ ಅನ್ನೋದೂ ಮಾಮನ ಸಂಬಂಧಿಯೇ ಅನ್ನಿ, ಕೆಲಸ ಒಂದೇ.

ಗಂಗಾವತಿ, ಕಾರಟಗಿ, ಸಿಂಧನೂರು ಬಂತು ಅಂದರೆ ಮತ್ತೆ ಬದಲು. ತುಂಗಭದ್ರಾ ಅಣೆಕಟ್ಟಿನಿಂದ 1953ರಲ್ಲಿ ಕಾಲುವೆಗೆ ನೀರು ಬಿಟ್ಟ ಮೇಲೆ ಕರಾವಳಿ ಆಂಧ್ರದಿಂದ ಭತ್ತ ಬೆಳೆಯುವ ರೈತರು ಬಂದು ಇಲ್ಲಿ ಜಮೀನು ಕೊಂಡರು. ಅವರು ನೆಲೆಸಿದ ಊರುಗಳಿಗೆ ಇವತ್ತಿಗೂ ಕ್ಯಾಂಪು ಅಂತಲೇ ಹೆಸರು. ಅವರು ತಂದ ತೆಲುಗು ಬಳ್ಳಾರಿಯ ತೆಲುಗಲ್ಲ, ಅಲ್ಲಿ ಗಾರು, ಅಂಡಿ ಅಂತ ಮರ್ಯಾದೆ ಜಾಸ್ತಿ. ದೊಡ್ಡವರು ‘ಮಾವಯ್ಯ’ ಅಂತಾರೆ, ಹುಡುಗರು ಮಾತ್ರ ಎಲ್ಲ ಕಡೆಯ ಹುಡುಗರ ಹಾಗೆ ಮಾಮ. ಭತ್ತದ ಲಾರಿ ಲೋಡ್ ಮಾಡುವಾಗ ನಿಂತು ಕೇಳಿ, ಹಮಾಲರ ಕನ್ನಡ, ಡ್ರೈವರನ ಉರ್ದು, ರೈತನ ತೆಲುಗು ಮೂರೂ ಒಂದೇ ಗಲಾಟೆಯಲ್ಲಿ ನಡೆದಿರುತ್ತವೆ. ಮಾಮ ಅಂದರೆ ಮೂವರೂ ತಿರುಗಿ ನೋಡುತ್ತಾರೆ.

ರಾಯಚೂರಿನಲ್ಲಿ ಸ್ವಲ್ಪ ಹುಷಾರಾಗಿರಿ. 1948ರ ಸೆಪ್ಟೆಂಬರ್ ತನಕ ಅದು ನಿಜಾಮನ ರಾಜ್ಯ. ಕಚೇರಿ, ಕೋರ್ಟು ಎಲ್ಲ ಉರ್ದುವಿನಲ್ಲಿ ನಡೆದ ಊರು, ಪೇಟೆಯ ಮಾತಿನಲ್ಲಿ ಈಗಲೂ ಅದು ಕೇಳುತ್ತೆ. ಅಲ್ಲಿ ಮಾಮ ಅನ್ನೋದು ‘ಮಾಮೂ’ ಆಗುತ್ತೆ. ಉರ್ದುವಿನಲ್ಲೂ ಮಾಮೂ ಅಂದರೆ ತಾಯಿಯ ಅಣ್ಣತಮ್ಮನೇ, ಅಲ್ಲಿಯ ತನಕ ಸರಿ. ಆದರೆ ‘ಮಾಮೂ ಬನಾದಿಯೇ’ ಅಂದರೆ ಟೋಪಿ ಹಾಕಿದರು ಅಂತ. ಇದು ಕನ್ನಡಕ್ಕೂ ಬಂದಿದೆ. ‘ಆ ಬೈಕ್ ತಗೊಂಡು ಮಾಮೂ ಆದೆ’ ಅಂತ ಹುಡುಗರು ಹೇಳಿಕೊಂಡು ನಗುತ್ತಾರೆ. ಹಾಗಾಗಿ ಅಲ್ಲಿಯ ಪೇಟೆಯ ತೀನ್ ಕಂದೀಲ್ ಸರ್ಕಲ್ ಹತ್ತಿರ ಏನಾದರೂ ಕೊಂಡಾಗ ಅಂಗಡಿಯವನು ‘ಆವೋ ಮಾಮೂ’ ಅಂದರೆ ಅದು ಬರೀ ಸ್ವಾಗತ. ನೀವು ಹೊರಟ ಮೇಲೆ ಹಿಂದಿನಿಂದ ಮಾಮೂ ಅಂತ ಕೇಳಿಸಿ ಇಬ್ಬರು ನಕ್ಕರೆ, ಬಿಲ್ ಇನ್ನೊಮ್ಮೆ ನೋಡಿಕೊಳ್ಳಿ. ಸಾಬರ ಮನೆಯ ಹಿರಿಯರಿಗೆ ‘ಚಾಚಾ’ ಅನ್ನೋದು ಸುಲಭ, ಎಲ್ಲೂ ತಪ್ಪಾಗಲ್ಲ.

ಇಲ್ಲಿ ಒಂದು ಗೊಂದಲ ಬಿಡಿಸಿಬಿಡುತ್ತೇನೆ. ‘ಮಾಮೂಲು’ ಅನ್ನೋದಕ್ಕೂ ಮಾಮನಿಗೂ ಸಂಬಂಧ ಇಲ್ಲ. ಅದು ಉರ್ದುವಿನ ದಾರಿಯಲ್ಲಿ ಬಂದ ಅರಬ್ಬಿ ಪದ, ರೂಢಿಯಲ್ಲಿರೋದು ಅಂತ ಅದರ ಅರ್ಥ. ‘ಹೆಂಗದೀರಿ?’ ಅಂದರೆ ‘ಮಾಮೂಲಿ’ ಅಂತ ಉತ್ತರ ಬರುತ್ತೆ, ಎಂದಿನಂತೆ ಇದ್ದೀನಿ ಅಂತ. ಕೈಬಿಸಿ ಮಾಡೋದಕ್ಕೂ ಮಾಮೂಲು ಅಂತಾರೆ, ಅದೂ ರೂಢಿಯೇ ಆಗಿಹೋಗಿದೆಯಲ್ಲ. ಪೊಲೀಸ್ ಮಾಮನಿಗೆ ಕೊಡೋದಕ್ಕೆ ಮಾಮೂಲು ಅಂತ ಹೆಸರು ಬಂತು ಅಂತ ಯಾರಾದರೂ ಹೇಳಿದರೆ ಅದು ಬರೀ ತಮಾಷೆ.

ಈಗ ನೀವೇನು ಮಾಡಬೇಕು? ನಿಮ್ಮನ್ನು ಕರೆದರೆ ನಕ್ಕು ಸುಮ್ಮನಾಗಿ. ವಯಸ್ಸಿನಲ್ಲಿ ಚಿಕ್ಕವನಾಗಿದ್ದರೆ ‘ಏನ್ ಅಳಿಯ’ ಅಂದುಬಿಡಿ, ಅಲ್ಲಿಗೆ ಆ ಅಂಗಡಿಯಲ್ಲಿ ನಿಮಗೆ ಸಾಲ ಹುಟ್ಟುತ್ತೆ. ನೀವಾಗಿ ಕರೆಯೋದಾದರೆ ಸ್ವಲ್ಪ ತಡೆಯಿರಿ. ಮೊದಲ ಭೇಟಿಯಲ್ಲಿ ಅಣ್ಣ, ದೊಡ್ಡವರಾದರೆ ತಾತ, ಆಫೀಸಿನಲ್ಲಿ ಸರ್. ಅವನು ಎರಡು ಮೂರು ಸಲ ಮಾಮ ಅಂದ ಮೇಲೆ ನೀವೂ ಶುರು ಮಾಡಿ. ನಿಮ್ಮ ಕೈಕೆಳಗಿನ ನೌಕರರಿಗೆ ಬೇಡ, ಅವರು ತಿರುಗಿ ಅನ್ನೋಕೆ ಆಗಲ್ಲ, ಒಂದೇ ಕಡೆಯ ಚೇಷ್ಟೆ ಆಗುತ್ತೆ. ಪೊಲೀಸರಿಗಂತೂ ಎದುರಿಗೆ ಅನ್ನಬೇಡಿ, ಅವರಿಗೂ ಬೆಂಗಳೂರಿನ ಅರ್ಥ ಗೊತ್ತು.

ನಿಮ್ಮ ಮನೆಯವರು ಪಕ್ಕದ ಮನೆಯವರನ್ನು ಏನಂತ ಕರೆಯಬೇಕು ಅಂತಲೂ ಕೇಳಿದ್ದೀರಿ. ಅವರು ಅಣ್ಣ ಅನ್ನಲಿ, ಬೇರೆ ಯೋಚನೆಯೇ ಬೇಡ. ಹೆಂಗಸರು ನೆಂಟನಲ್ಲದ ಗಂಡಸನ್ನು ಮಾಮ ಅನ್ನೋದು ಇಲ್ಲಿ ರೂಢಿಯಲ್ಲ. ಯಾಕೆ ಅಂತ ಮೇಲಿನದನ್ನು ಓದಿದ ಮೇಲೆ ನಿಮಗೆ ಗೊತ್ತಾಗಿರುತ್ತೆ, ತನ್ನ ಗಂಡನಿಗೇ ಆ ಹೆಸರಿಟ್ಟು ಕರೆಯುವ ಊರಿನಲ್ಲಿ ಅದು ಬೇರೆಯವರಿಗೆ ಸಲ್ಲಲ್ಲ. ಪಕ್ಕದ ಮನೆಯ ಹೆಂಗಸು ನಿಮಗೆ ಅಕ್ಕ, ಸ್ವಲ್ಪ ದೊಡ್ಡವರಾದರೆ ಅಮ್ಮ. ಮಾಮನ ಹೆಂಡತಿ ಅತ್ತೆ ಆಗಬೇಕಲ್ವಾ ಅಂತ ಲೆಕ್ಕ ಹಾಕಿ ಅತ್ತೆ ಅಂತ ಕರೆದೀರಿ ಮತ್ತೆ! ಅವರಿಗೆ ಮದುವೆ ವಯಸ್ಸಿನ ಮಗಳಿದ್ದರೆ ಕಷ್ಟ. ಮಕ್ಕಳಿಗೆ ಮಾತ್ರ ಯಾವ ಕಟ್ಟುಪಾಡೂ ಇಲ್ಲ, ನಿಮ್ಮ ಮಗಳು ಬೀದಿಯಲ್ಲಿ ಯಾರನ್ನು ಬೇಕಾದರೂ ಮಾಮ ಅನ್ನಲಿ. ಚಾಕಲೇಟು ಕೊಡಿಸೋದು ಅವರ ಪಾಡು.