ಯೇಸುವಿನ ತಾಯಿ ಮರಿಯಮ್ಮನ ತಂದೆತಾಯಿ ಬೈಬಲ್‌ನಲ್ಲಿ ಇಲ್ಲ, ಹಾಗಾದ್ರೆ ಅವಳ ಹೆತ್ತವರು ಅನ್ನೋ ಅನ್ನಮ್ಮ, ಜೋಕಿಂ ಎಲ್ಲಿಂದ ಬಂದರು?

ಯಾಕೋಬನ ಹೆಸರಿನಲ್ಲಿರುವ ಒಂದು ಹಳೆಯ ಗ್ರೀಕ್ ಪುಸ್ತಕದಿಂದ. ಕ್ರಿ.ಶ. 2ನೇ ಶತಮಾನದ್ದು. ಯೇಸುವಿನ ಸಹೋದರ ಯಾಕೋಬನೇ ಬರೆದದ್ದು ಅಂತ ಅದರಲ್ಲೇ ಇದೆ, ಆದರೆ ವಿದ್ವಾಂಸರು ಅದನ್ನು ಒಪ್ಪೋದಿಲ್ಲ.

ಕಥೆ ಮಾತ್ರ ಮನಸ್ಸಿಗೆ ನಾಟುತ್ತೆ. ಮಕ್ಕಳಿಲ್ಲದವನು ಅಂತ ಜೋಕಿಮನ ಕಾಣಿಕೆಗೆ ಅಡ್ಡಿ ಮಾಡ್ತಾರೆ, ಅವನು ನೊಂದು ಮರಳುಗಾಡಿಗೆ ಹೋಗಿ 40 ದಿನ ಉಪವಾಸ ಕೂರ್ತಾನೆ. ಇತ್ತ ತೋಟದ ಮರದಡಿ ಕೂತ ಅನ್ನಮ್ಮ ತಲೆಯೆತ್ತಿ ನೋಡಿದರೆ ಕೊಂಬೆಯಲ್ಲಿ ಗುಬ್ಬಿಗೂಡು. ಹಕ್ಕಿಗಳಿಗೂ ಮರಿಗಳಿವೆ, ನನಗಿಲ್ಲವಲ್ಲ ಅಂತ ಅಳ್ತಾಳೆ. ಆಮೇಲೆ ಹುಟ್ಟಿದವಳೇ ಮರಿಯ.

367ರಲ್ಲಿ ಅಲೆಕ್ಸಾಂಡ್ರಿಯಾದ ಬಿಷಪ್ ಅಥನಾಸಿಯಸ್ ಬೈಬಲ್‌ನ ಹೊಸ ಒಡಂಬಡಿಕೆಗೆ ಸೇರುವ 27 ಪುಸ್ತಕಗಳನ್ನು ಪಟ್ಟಿ ಮಾಡಿದರು, ಅದರಲ್ಲಿ ಇದಿಲ್ಲ. ಪಶ್ಚಿಮದ ಚರ್ಚು ಮುಂದೆ ಇದನ್ನು ತಿರಸ್ಕೃತ ಪುಸ್ತಕಗಳ ಸಾಲಿಗೇ ಹಾಕಿತು. ಆದರೂ ಜನ ಬಿಡಲಿಲ್ಲ ನೋಡಿ! ಜುಲೈ 26 ಇವತ್ತಿಗೂ ಕ್ಯಾಥೊಲಿಕರಿಗೆ ಅನ್ನಮ್ಮ, ಜೋಕಿಮರ ಹಬ್ಬ. ಮಂಗಳೂರು ಕಡೆ ಸೆಪ್ಟೆಂಬರ್ 8ರ ಮೊಂತಿ ಹಬ್ಬಕ್ಕೆ ಮಕ್ಕಳು ಹೂ ಅರ್ಪಿಸಿ, ಮನೆಮಂದಿ ಹೊಸ ಭತ್ತದ ಊಟ ಮಾಡ್ತಾರಲ್ವಾ, ಅದು ಮರಿಯಮ್ಮ ಹುಟ್ಟಿದ ದಿನ. ಆ ಹುಟ್ಟಿನ ಬಗ್ಗೆ ಬೈಬಲ್‌ನಲ್ಲಿ ಒಂದು ಸಾಲೂ ಇಲ್ಲ. ಹಾಗಾಗಿ ಇಂಥ ಪುಸ್ತಕಗಳನ್ನು ಸುಮ್ನೆ ಸುಳ್ಳು ಅಂತ ಬದಿಗಿಡೋದು ನನಗೆ ಸರಿ ಕಾಣಲ್ಲ.