ಕತ್ಯೂಷಾ ಬರೆದ ಕವಿಯ ಇನ್ನೊಂದು ಹಾಡು

ಪ್ರಶ್ನೆ: ರಷ್ಯಾದ ‘ಕತ್ಯೂಷಾ’ ಹಾಡನ್ನು ಮೊಬೈಲಿನಲ್ಲಿ ಎಷ್ಟು ಸಲ ಕೇಳಿದರೂ ಬೇಜಾರಾಗುವುದಿಲ್ಲ. ಇದು ಯುದ್ಧಕ್ಕೆಂದೇ ಬರೆದ ಹಾಡಾ? ರಾಕೆಟ್ ಲಾರಿಗೂ ಇದೇ ಹೆಸರಂತೆ, ಹೇಗೆ? ಬರೆದವರ ಊರಿನ ಕಡೆ ಯುದ್ಧದ ನೆನಪೂ ಹೀಗೇ ಉತ್ಸಾಹದ್ದಾ?
– ಓದುಗರೊಬ್ಬರು, ತೀರ್ಥಹಳ್ಳಿ

ಉತ್ತರ: ಯುದ್ಧಕ್ಕೆಂದು ಬರೆದದ್ದಲ್ಲ. ಹಾಡು ಬಂದದ್ದು 1938ರಲ್ಲಿ, ಜರ್ಮನ್ ಸೇನೆ ಸೋವಿಯತ್ ಗಡಿ ದಾಟಿದ್ದು 1941ರ ಜೂನ್‌ನಲ್ಲಿ. ಸಾಹಿತ್ಯ ಮಿಖಾಯಿಲ್ ಇಸಕೋವ್‌ಸ್ಕಿ ಅವರದು, ಸಂಗೀತ ಮತ್ವೇಯ್ ಬ್ಲಾಂತರ್ ಅವರದು. ಮಾಸ್ಕೋದಲ್ಲಿ ಮೊದಲು ಹಾಡಿದ್ದು ಜಾಝ್ ವಾದ್ಯವೃಂದದ ಜೊತೆ. ಸೇಬಿನ ಮರ ಹೂಬಿಟ್ಟಿದೆ, ಹೊಳೆ ಮೇಲೆ ಮಂಜು ಕವಿದಿದೆ, ದೂರದ ಗಡಿ ಕಾಯುವ ಹುಡುಗನನ್ನು ನೆನೆದು ಕತ್ಯೂಷಾ ಅನ್ನುವ ಹುಡುಗಿ ದಡದ ಮೇಲೆ ಹಾಡುತ್ತಾಳೆ. ಕಥೆ ಅಷ್ಟೇ. ಅದೇ ರಾಗಕ್ಕೆ ಇಟಲಿಯಲ್ಲಿ ಫ್ಯಾಸಿಸ್ಟರ ವಿರುದ್ಧ ಹೋರಾಡಿದವರು ತಮ್ಮ ಮಾತು ಹಾಕಿ ಹಾಡಿಕೊಂಡರು.

ಲಾರಿ ಮೇಲಿನ ರಾಕೆಟ್‌ಗಳಿಗೆ ಆ ಹೆಸರಿಟ್ಟವರು ಸೈನಿಕರೇ. ಹಾಡು ಆಗ ಎಲ್ಲರ ಬಾಯಲ್ಲೂ ಇತ್ತು. 1941ರ ಜುಲೈ 14ರಂದು ಬೆಲಾರೂಸ್‌ನ ಓರ್ಶಾ ರೈಲು ನಿಲ್ದಾಣದ ಮೇಲೆ ಅವನ್ನು ಮೊದಲು ಹಾರಿಸಿದ್ದು ಕ್ಯಾಪ್ಟನ್ ಇವಾನ್ ಫ್ಲ್ಯೋರೊವ್ ಅವರ ತುಕಡಿ.

ನಿಮ್ಮ ಮೂರನೇ ಪ್ರಶ್ನೆ ನನಗೆ ಬಹಳ ಹಿಡಿಸಿತು. ಇಸಕೋವ್‌ಸ್ಕಿ ಹುಟ್ಟಿದ್ದು 1900ರಲ್ಲಿ, ಪಶ್ಚಿಮ ರಷ್ಯಾದ ಸ್ಮೊಲೆನ್ಸ್ಕ್ ಸೀಮೆಯ ಗ್ಲೋತೊವ್ಕಾ ಅನ್ನುವ ಹಳ್ಳಿಯ ಬಡ ರೈತರ ಮನೆಯಲ್ಲಿ. ಹತ್ತಿರದಲ್ಲಿ ಉಗ್ರಾ ನದಿ. ಆ ದಂಡೆಯ ವ್‌ಸ್ಖೋದಿ ಎಂಬ ಊರಲ್ಲಿ ಈ ಒಂದು ಹಾಡಿಗೇ ಮ್ಯೂಸಿಯಂ ಇದೆ! ಆದರೆ ನಕಾಶೆ ಬಿಡಿಸಿ ನೋಡಿ. ಅದೇ ಉಗ್ರಾ ಜಿಲ್ಲೆಯಲ್ಲೇ ಬಗತೀರ್ ಅನ್ನುವ ಹಳ್ಳಿಯೂ ಸಿಗುತ್ತದೆ. 1941ರ ಅಕ್ಟೋಬರ್‌ನಲ್ಲಿ ಫ್ಲ್ಯೋರೊವ್ ತುಕಡಿ ಶತ್ರುಗಳ ಮಧ್ಯೆ ಸಿಕ್ಕಿಬಿದ್ದದ್ದು ಅಲ್ಲಿ. ಗುಟ್ಟಿನ ಆಯುಧ ಜರ್ಮನ್ನರ ಕೈಸೇರಬಾರದೆಂದು ಲಾರಿಗಳನ್ನು ತಾವೇ ಸ್ಫೋಟಿಸಿದರು. ಫ್ಲ್ಯೋರೊವ್ ಬದುಕಿ ಬರಲಿಲ್ಲ. ಹಾಡಿನ ಕತ್ಯೂಷಾ ಹುಟ್ಟಿದ ಸೀಮೆಯಲ್ಲೇ ಮೊದಲ ರಾಕೆಟ್ ತುಕಡಿ ಮಣ್ಣಾಯಿತು. ಇದನ್ನು ನೆನೆದಾಗಲೆಲ್ಲ ನನಗೆ ಮೈ ಜುಮ್ಮೆನ್ನುತ್ತದೆ.

ಸ್ಮೊಲೆನ್ಸ್ಕ್ ನಗರ ಎರಡು ವರ್ಷಕ್ಕೂ ಜಾಸ್ತಿ ಜರ್ಮನ್ನರ ಕೈಯಲ್ಲಿತ್ತು. ಬಿಡುಗಡೆಯಾದದ್ದು 1943ರ ಸೆಪ್ಟೆಂಬರ್ 25ರಂದು. ಅಷ್ಟರಲ್ಲಿ ಸುತ್ತಲಿನ ಎಷ್ಟೋ ಹಳ್ಳಿಗಳು ಸುಟ್ಟುಹೋಗಿದ್ದವು. ಕಣ್ಣಿನ ದೃಷ್ಟಿ ತೀರಾ ಮಂದವಾಗಿದ್ದ ಕವಿ ಸೈನ್ಯಕ್ಕೆ ಸೇರುವಂತಿರಲಿಲ್ಲ. ಕಾಮಾ ನದಿ ದಂಡೆಯ ಚಿಸ್ತೊಪೊಲ್ ಪಟ್ಟಣದಲ್ಲಿ ಕೂತು ತವರಿನ ಸುದ್ದಿ ಕೇಳಬೇಕಾಯಿತು.

1945ರಲ್ಲಿ ಅವರು ಇನ್ನೊಂದು ಕವಿತೆ ಬರೆದರು. ರಾಗ ಹಾಕಿದ್ದು ಮತ್ತೆ ಬ್ಲಾಂತರ್. ಯುದ್ಧ ಗೆದ್ದ ಸೈನಿಕ ಊರಿಗೆ ಬರುತ್ತಾನೆ. ಮನೆ ಸುಟ್ಟಿದೆ, ಮನೆಯವರೆಲ್ಲ ಸತ್ತಿದ್ದಾರೆ. ಉಳಿದದ್ದು ಹೆಂಡತಿ ಪ್ರಸ್ಕೋವ್ಯಾಳ ಸಮಾಧಿಯ ಹುಲ್ಲುದಿಬ್ಬ. ಸೈನಿಕ ಅದರ ಕಲ್ಲಿನ ಮೇಲೆ ಬಾಟಲಿ ಇಡುತ್ತಾನೆ, ತಾಮ್ರದ ಲೋಟದಲ್ಲಿ ಸುರಿದುಕೊಂಡು ಅರ್ಧ ದುಃಖ ಬೆರೆಸಿ ಕುಡಿಯುತ್ತಾನೆ, ಅವಳೊಂದಿಗೆ ಮಾತಾಡುತ್ತಾನೆ. ಎದೆ ಮೇಲೆ ಬುಡಾಪೆಸ್ಟ್ ನಗರ ಗೆದ್ದದ್ದಕ್ಕೆ ಕೊಟ್ಟ ಪದಕ ಹೊಳೆಯುತ್ತಿರುತ್ತದೆ. ಅವನನ್ನು ಸಂತೈಸುವ ಒಂದೇ ಒಂದು ಮಾತೂ ಕವಿತೆಯಲ್ಲಿಲ್ಲ.

ಗೆದ್ದ ದೇಶಕ್ಕೆ ಇಂಥ ಅಳು ಯಾಕೆ ಅಂತ ಟೀಕೆ ಬಂತು. ಹಾಡು ವರ್ಷಗಟ್ಟಲೆ ಮೂಲೆ ಸೇರಿತು. 1960ರಲ್ಲಿ ಗಾಯಕ ಮಾರ್ಕ್ ಬೆರ್ನೆಸ್ ಧೈರ್ಯ ಮಾಡಿ ಮಾಸ್ಕೋದ ದೊಡ್ಡ ಸಭೆಯಲ್ಲಿ ಹಾಡಿದ ಮೇಲೆ ಜನ ಅದನ್ನು ಬಿಡಲಿಲ್ಲ. ನನ್ನನ್ನು ಕೇಳಿದರೆ, ಸ್ಮೊಲೆನ್ಸ್ಕ್ ಹಳ್ಳಿಗಳು ಯುದ್ಧದಲ್ಲಿ ಕಂಡದ್ದು ಈ ಹಾಡಿನಲ್ಲಿದೆ. ಕತ್ಯೂಷಾ ಕೇಳಿ ಕುಣಿಯುವವರು ಇದನ್ನೂ ಒಮ್ಮೆ ಕೇಳಲೇಬೇಕು, ಅಲ್ವಾ?

‘ವ್ರಗಿ ಸೊಝ್‌ಗ್ಲಿ ರದ್ನೂಯು ಖಾತು’ (ಶತ್ರುಗಳು ತವರು ಮನೆ ಸುಟ್ಟರು) ಅಂತ ಹುಡುಕಿ. ಎಷ್ಟೋ ಜನ ಹಾಡಿದ್ದಾರೆ, ನೀವು ಬೆರ್ನೆಸ್ ಹಾಡಿದ್ದನ್ನೇ ಆರಿಸಿಕೊಳ್ಳಿ. ಅವರು ಸಿನಿಮಾ ನಟ, ದೊಡ್ಡ ಕಂಠವಿಲ್ಲ. ಮಾತಾಡಿದ ಹಾಗೆ ಹಾಡುತ್ತಾರೆ, ಆ ಸೈನಿಕನ ಬಾಯಿಗೆ ಅದೇ ಸರಿ.