ಮೈಸೂರಿನಲ್ಲಿ ದಾಳಿ ಹೆಚ್ಚಾದರೆ ಡ್ರಗ್ಸ್ ಗ್ಯಾಂಗ್‌ಗಳು ಮುಗಿಯುತ್ತವಾ?

ದಿನಾ ದಾಳಿ, ದಿನಾ ಬಂಧನ, ಇನ್ನಾದರೂ ಈ ಗ್ಯಾಂಗ್‌ಗಳು ಅಡಗುತ್ತವಾ ಅಂತ ಕೇಳಿದ್ದೀರಿ. ಪೊಲೀಸ್ ಕೆಲಸಕ್ಕೆ ಸೇರಿದ ಹೊಸದರಲ್ಲಿ ನಾನೂ ಬಂಧನಗಳನ್ನೇ ಎಣಿಸುತ್ತಿದ್ದೆ. ಆ ಲೆಕ್ಕ ತಪ್ಪು ಅಂತ ತೋರಿಸಿದ್ದು ಮದ್ದೂರಿನ ಹತ್ತಿರ ಹೆದ್ದಾರಿಯಲ್ಲಿ ಹಿಡಿದ ಒಂದು ಗಾಂಜಾ ಗೋಣಿಚೀಲ.

ಚೀಲ ತಕ್ಕಡಿ ಮೇಲಿಟ್ಟಾಗ 21 ಕೆ.ಜಿ. 300 ಗ್ರಾಂ. ಅಷ್ಟನ್ನೇ ಮಹಜರಿನಲ್ಲಿ ಬರೆದುಬಿಟ್ಟೆ. ಕೆಟ್ಟಿದ್ದು ಅಲ್ಲೇ. ಎನ್‌ಡಿಪಿಎಸ್ ಕಾಯ್ದೆಯಲ್ಲಿ, ಅಂದರೆ ಮಾದಕ ವಸ್ತು ತಡೆ ಕಾನೂನಿನಲ್ಲಿ, ಗಾಂಜಾ ಅಂದರೆ ಗಿಡದ ಹೂವು, ಕಾಯಿ ಬಿಟ್ಟ ತುದಿ. ತುದಿ ಜೊತೆಗಿಲ್ಲದ ಬರೀ ಎಲೆ, ಬೀಜ ಲೆಕ್ಕಕ್ಕಿಲ್ಲ. ನನ್ನ ಚೀಲದಲ್ಲಿ ಹೆಬ್ಬೆರಳು ದಪ್ಪದ ಕಡ್ಡಿಗಳಿದ್ದವು, ಕೆಲವು ಬೇರುಗಳಿಗೆ ಕೆಮ್ಮಣ್ಣು ಅಂಟಿಕೊಂಡೇ ಇತ್ತು, ಗೋಣಿಯ ತೂಕವನ್ನೂ ಕಳೆದಿರಲಿಲ್ಲ. ಟಾರ್ಪಾಲಿನ ಮೇಲೆ ಸುರಿದು, ಕಡ್ಡಿ ಬೇರು ಒಂದು ಕಡೆ, ತುದಿ ಇನ್ನೊಂದು ಕಡೆ ಮಾಡಿ, ಖಾಲಿ ಚೀಲವನ್ನು ಬೇರೆ ತೂಗಿ ಪಂಚರ ಮುಂದೆ ಬರೆಸಬೇಕಿತ್ತು. ಅರ್ಧ ಗಂಟೆಯ ಕೆಲಸ. 20 ಕೆ.ಜಿ. ದಾಟಿದರೆ ಅದು ವಾಣಿಜ್ಯ ಪ್ರಮಾಣ, ಶಿಕ್ಷೆ ಕನಿಷ್ಠ 10 ವರ್ಷ, ಜಾಮೀನಿಗೆ 37ನೇ ಸೆಕ್ಷನ್ನಿನ ಬಿಗಿ. ಕಡ್ಡಿ ಕಳೆದು ಎಷ್ಟು ಉಳಿಯುತ್ತದೆ ಅಂತ ಎದುರು ವಕೀಲರು ಕೇಳಿದಾಗ ನನ್ನ ಹತ್ತಿರ ಅಂಕಿಯೇ ಇರಲಿಲ್ಲ. ಚಾಲಕ ಜಾಮೀನಿನ ಮೇಲೆ ಹೊರಬಂದ. ಮಾಲಿಗೆ ದುಡ್ಡು ಹಾಕಿದವನು ಅಷ್ಟರಲ್ಲಿ ಸಿಮ್ಮನ್ನೂ ದಾರಿಯನ್ನೂ ಬದಲಾಯಿಸಿದ್ದ.

ಅದಕ್ಕೇ ನಿಮ್ಮ ಪ್ರಶ್ನೆಯ ಬುಡವನ್ನೇ ನಾನು ಒಪ್ಪುವುದಿಲ್ಲ. ದಾಳಿಯಲ್ಲಿ ಸಿಗುವವನು ಸಾಗಿಸುವವನು, ಇಲ್ಲವೇ ಹಾಸ್ಟೆಲ್ ಗೇಟಿನಲ್ಲಿ ಪೊಟ್ಟಣ ಕೊಡುವವನು. ಆ ಜಾಗಕ್ಕೆ ಇನ್ನೊಬ್ಬ ಹುಡುಗ ಬರುವುದಕ್ಕೆ ಹೆಚ್ಚು ದಿನ ಬೇಕಿಲ್ಲ. ಬರೀ ನಾಯಕನನ್ನು ತೆಗೆದರೂ ಆಗುವುದಿಲ್ಲ. ಮೆಕ್ಸಿಕೊ 2006ರ ಡಿಸೆಂಬರಿನಲ್ಲಿ ಸೈನ್ಯ ಇಳಿಸಿ, ಮುಂದಿನ ವರ್ಷಗಳಲ್ಲಿ ಒಬ್ಬೊಬ್ಬರೇ ನಾಯಕರನ್ನು ಹಿಡಿಯಿತು, ಕೊಂದಿತು. ದೊಡ್ಡ ಗ್ಯಾಂಗ್‌ಗಳು ಚೂರಾದವು. ಮಾಲು ಗಡಿ ದಾಟಿಸುವ ತಾಕತ್ತಿಲ್ಲದ ಚೂರುಗಳು ಸುಲಿಗೆ, ಅಪಹರಣಕ್ಕೆ ಇಳಿದವು. ಅಲ್ಲಿನ ಮಿಚೋಕಾನ್ ರಾಜ್ಯದ ಬೆಣ್ಣೆಹಣ್ಣು, ನಿಂಬೆ ಬೆಳೆಗಾರರು ಹಫ್ತಾ ಕಟ್ಟಬೇಕಾಯಿತು. ನಮ್ಮ ಮಂಡ್ಯದ ಆಲೆಮನೆಗಳಿಗೆ ಅಂಥ ಗತಿ ಬಂದರೆ ಹೇಗಿರುತ್ತದೆ ಯೋಚಿಸಿ.

ಗ್ಯಾಂಗಿಗೆ ನಿಜವಾಗಿ ಪೆಟ್ಟು ಬೀಳುವುದು ಸಣ್ಣ ಪ್ರಕರಣದ ಎಳೆಯನ್ನು ಬಿಡದೆ ಎಳೆದಾಗ. 2025ರ ಜುಲೈನಲ್ಲಿ ಮೈಸೂರಿನ ರಿಂಗ್ ರಸ್ತೆ ಹತ್ತಿರ ಮೆಫೆಡ್ರೋನ್ ಅನ್ನುವ ರಾಸಾಯನಿಕ ಡ್ರಗ್ಸ್ ತಯಾರಿಸುವ ಘಟಕ ಪತ್ತೆ ಮಾಡಿದ್ದು ಮುಂಬೈ ಪೊಲೀಸರು. ಮುಂಬೈನಲ್ಲಿ ಸಿಕ್ಕವರ ಬೆನ್ನು ಹಿಡಿದೇ ಅವರು ಇಲ್ಲಿಗೆ ಬಂದದ್ದು. ಆದ್ದರಿಂದ ಚಾಲಕ ಸಿಕ್ಕ ದಿನವೇ ಅವನ ಯುಪಿಐ ಲೆಕ್ಕ, ಕರೆ ವಿವರ, ಗಾಡಿ ಯಾರ ಹೆಸರಲ್ಲಿದೆ ಅನ್ನುವುದನ್ನು ತೆಗೆಸಬೇಕು. ಹಿಡಿದ ಮಾಲಿನ ಮಾದರಿಯನ್ನು ಅದೇ ಕಾಯ್ದೆಯ 52ಎ ಸೆಕ್ಷನ್ ಪ್ರಕಾರ ಮ್ಯಾಜಿಸ್ಟ್ರೇಟರ ಮುಂದೆಯೇ ತೆಗೆಯಬೇಕು. ದುಡ್ಡು ಹಾಕಿದವನ ಆಸ್ತಿಯನ್ನು 68ಎಫ್ ಸೆಕ್ಷನ್ ಅಡಿ ತಡೆಹಿಡಿದರೆ, ಆ ಆದೇಶವನ್ನು ಸಕ್ಷಮ ಪ್ರಾಧಿಕಾರ 30 ದಿನದೊಳಗೆ ದೃಢಪಡಿಸಬೇಕು, ಇಲ್ಲದಿದ್ದರೆ ಅದು ಬಿದ್ದುಹೋಗುತ್ತದೆ. ಪಹಣಿ, ಬ್ಯಾಂಕ್ ಸ್ಟೇಟ್‌ಮೆಂಟ್ ಆಮೇಲೆ ತರಿಸೋಣ ಅಂತ ಕೂತರೆ ಆ 30 ದಿನ ಅದರಲ್ಲೇ ಕಳೆಯುತ್ತದೆ.